ಶನಿವಾರ ದ್ವೀಪದಲ್ಲಿದ್ದವನು

ಚರ್ಚಿನ ವೇದಿಕೆಯ ಮೇಲೆ ನಿಂತು ಕಿಯಿಂಬ ವೆನಿಲ್ಲಾ ಫಸಲಿಗಾಗಿ ಮೊದಲು ದೇವರಿಗೆ ಕೃತಜ್ಞತೆ ಹೇಳಿದ. ಆಮೇಲೆ ಪಾದ್ರಿಗೆ, ತೀರಿಕೊಂಡ ಅಪ್ಪನಿಗೆ, ತನ್ನನ್ನು ಸಾಕಿದ ಸೋದರತ್ತೆಗೆ, ಗೇಟು ಕಾಯುವ ಒಪಿಯೊನಿಗೆ, ಹೊತ್ತಿಗೆ ಸರಿಯಾಗಿ ಬಂದ ಮಳೆಗೆ. ಮುಂದಿನ ಬೆಂಚಿನಲ್ಲಿ ಕುಳಿತಿದ್ದ ಮುತ್ಯಾಬ ಟೈ ಸರಿಮಾಡಿಕೊಂಡು ಅರ್ಧ ಎದ್ದಿದ್ದ. ಹೆಸರು ಬಂದ ಕೂಡಲೇ ಪೂರ್ತಿ ಎದ್ದು ಜನರ ಕಡೆ ತಿರುಗಿ ತಲೆಬಾಗುವುದೆಂದು ಮನಸ್ಸಿನಲ್ಲೇ ತಾಲೀಮು ಮಾಡಿಕೊಂಡಿದ್ದ. ಮಳೆಯ ನಂತರ ಕಿಯಿಂಬ ಆಮೆನ್ ಎಂದ. ಡೋಲು ಶುರುವಾಯಿತು. ಅರ್ಧ ಎದ್ದವನು ಹಾಗೆಯೇ ಕೂರುವುದು ಹೇಗೆಂದು ತಿಳಿಯದೆ ಮುತ್ಯಾಬ ಪ್ಯಾಂಟಿನ ಹಿಂಭಾಗದ ಧೂಳು ಕೊಡವಿದಂತೆ ಮಾಡಿ ಕುಳಿತ. ಪಕ್ಕದಲ್ಲಿ ಹೆಂಡತಿ ನಕಿಟ್ಟೊ ಹಾಡಿನ ಪುಸ್ತಕದಲ್ಲಿ ಪುಟ ಹುಡುಕುತ್ತಿದ್ದಳು. ಅವಳು ಎಲ್ಲ ನೋಡಿದ್ದಾಳೆಂದು ಅವನಿಗೆ ಗೊತ್ತಿತ್ತು.

ಬುಗಾಂಡದ ಮುಕೊನೊದ ಈ ಭಾಗದಲ್ಲಿ ವೆನಿಲ್ಲಾ ಬೆಳೆಯಬಹುದೆಂದು ಹೇಳಿದವನು ಮುತ್ಯಾಬ. ಕೃಷಿ ಡಿಪ್ಲೊಮಾ ಓದಿದವನು ಅವನು. ಕಿಯಿಂಬನಿಗೆ ಅಪ್ಪ ಬಿಟ್ಟುಹೋದ ಜಮೀನಿತ್ತು, ಎರಡಂತಸ್ತಿನ ಮನೆಯಿತ್ತು, ತಲೆಯೊಂದಿರಲಿಲ್ಲ. ಶಾಲೆಯಲ್ಲಿ ಭಾಗಾಕಾರದ ಲೆಕ್ಕಗಳನ್ನು ಮುತ್ಯಾಬನ ಹಾಳೆ ನೋಡಿ ಬರೆದವನು ಅವನು; ನೋಡಿ ಬರೆದರೂ ತಪ್ಪು ಮಾಡುತ್ತಿದ್ದ. ಬೆಳಿಗ್ಗೆ ಅರಳಿ ಮಧ್ಯಾಹ್ನಕ್ಕೆ ಬಾಡುವ ಹೂವಿನೊಳಗೆ ಕಡ್ಡಿ ತೂರಿಸಿ ಪರಾಗ ಮುಟ್ಟಿಸುವುದನ್ನು ಕೂಲಿ ಹೆಂಗಸರಿಗೆ ಕಲಿಸಿದವನು ಮುತ್ಯಾಬ. ಕೋಡುಗಳನ್ನು ಬಿಸಿನೀರಿಗೆ ಅದ್ದಿ, ಕಂಬಳಿಯಲ್ಲಿ ಸುತ್ತಿ ಬೆವರಿಸಿ, ಬಿಸಿಲಿಗೆ ಹರಡಿ, ಕಪ್ಪಗೆ ಎಣ್ಣೆ ಮಿನುಗುವವರೆಗೆ ದಿನವೂ ತಿರುವಿ ಹಾಕಿದವನೂ ಅವನೇ. "ಇದು ನಮ್ಮಿಬ್ಬರದ್ದು ಕಣೋ," ಎನ್ನುತ್ತಿದ್ದ ಕಿಯಿಂಬ. ಕೋಡು ಕಪ್ಪಾಗುತ್ತ ಬಂದಂತೆ 'ನಮ್ಮಿಬ್ಬರದ್ದು' ಎನ್ನುವುದು 'ನಮ್ಮ ಮನೆಯದ್ದು' ಆಯಿತು. ಪೆಟ್ಟಿಗೆಗೆ ತುಂಬಿ ಬೀಗ ಹಾಕುವ ಹೊತ್ತಿಗೆ ಅದು 'ಅಪ್ಪನ ಆಶೀರ್ವಾದ' ಆಗಿತ್ತು.

ಚರ್ಚಿನಿಂದ ಬಂದ ಮೇಲೆ ಊಟದ ಗದ್ದಲದಲ್ಲಿ ಕಿಯಿಂಬ ಅವನನ್ನು ಮೂಲೆಗೆ ಕರೆದ. ಈಗ ಹೇಳುತ್ತಾನೆ, ಎಂದುಕೊಂಡ ಮುತ್ಯಾಬ. ಕಿಯಿಂಬ ಒಂದು ಪ್ಲಾಸ್ಟಿಕ್ ಚೀಲ ಕೊಟ್ಟ. ಒಳಗೆ ಹೆಡ್‌ಫೋನ್ ಇತ್ತು, ಹಳೆಯದು, ಕಿವಿಯ ಮೆತ್ತೆ ಹರಿದದ್ದು.

"ನಾನು ಹೊಸದು ತಗೊಂಡೆ ಮಾರಾಯ. ಇದು ನಿಂಗೆ. ಇನ್ಮೇಲೆ ಶನಿವಾರ ಮಧ್ಯಾಹ್ನ ತಪ್ಪಿಸ್ಬೇಡ. ನನ್ನ ದ್ವೀಪಕ್ಕೆ ಬಾ. ಒಬ್ಬನೇ ಆಡಿ ಆಡಿ ಬೇಜಾರಾಗಿದೆ."

ಮುತ್ಯಾಬ ನಕ್ಕು ಚೀಲ ತೆಗೆದುಕೊಂಡ. ಮನೆಗೆ ಹೋಗಿ ಹಾಕಿ ನೋಡಿದರೆ ಅದರ ಮೈಕ್ ಸತ್ತಿತ್ತು. ಅವನು ಮಾತಾಡಿದ್ದು ಆಚೆ ಕೇಳಿಸುತ್ತಿರಲಿಲ್ಲ. ಒಬ್ಬ ಮನುಷ್ಯನ ದುಡಿಮೆಗೆ ಇದಕ್ಕಿಂತ ಸರಿಯಾದ ಬಹುಮಾನ ಹುಡುಕುವುದು ಕಷ್ಟ ಎಂದುಕೊಂಡ.

ದ್ವೀಪವೆಂದರೆ ಒಂದು ಗೇಮ್. ಹಡಗು ಒಡೆದು ದಡ ಸೇರಿದವರು ಮರ ಕಡಿಯಬೇಕು, ಮೀನು ಹಿಡಿಯಬೇಕು, ಗುಡಿಸಲು ಕಟ್ಟಬೇಕು, ಕಾಡುಹಂದಿಗಳಿಂದ ತಪ್ಪಿಸಿಕೊಳ್ಳಬೇಕು. ಒಬ್ಬ ತನ್ನ ಕಂಪ್ಯೂಟರಿನಲ್ಲಿ ದ್ವೀಪ ತೆರೆದರೆ ಇನ್ನೊಬ್ಬ ತನ್ನ ಮನೆಯಿಂದಲೇ ಅದರೊಳಗೆ ಬಂದು ಇಳಿಯಬಹುದು. ದ್ವೀಪ ಕಿಯಿಂಬನದು. ಅಲ್ಲಿಯೂ ಜಮೀನ್ದಾರ ಅವನೇ. ಮೀನು ಸುಟ್ಟು ಹಂಚುವವನು ಅವನು, ಕೊಡಲಿ ದಯಪಾಲಿಸುವವನು ಅವನು. ಹೊಸ ಹೆಡ್‌ಫೋನಿನಲ್ಲಿ ಒಂದೇ ಸಮ ವಟಗುಟ್ಟುತ್ತ ಇಡೀ ಆಟವನ್ನು ರೆಕಾರ್ಡ್ ಮಾಡಿ ಇಂಟರ್ನೆಟ್ಟಿಗೆ ಹಾಕುತ್ತಿದ್ದ. ನೋಡುವವರು ಯಾರೆಂದು ಮುತ್ಯಾಬನಿಗೆ ತಿಳಿಯದು. ತಾನಂತೂ ಒಂದನ್ನೂ ನೋಡಿರಲಿಲ್ಲ. ಆಡುವಾಗ ಕೇಳುವುದೇ ಸಾಕಾಗಿತ್ತು, ಕೇಳಿದ್ದನ್ನು ಮತ್ತೆ ನೋಡಲು ಅವನಿಗೇನು ಹುಚ್ಚೆ?

ದ್ವೀಪದಲ್ಲಿ ಮುತ್ಯಾಬನ ಹೆಸರು ಪ್ರೊಫೆಸರ್. ಕೆಂಪು ಗಡ್ಡ, ಬರಿಮೈ, ಎತ್ತಿನಂಥ ಭುಜ, ತಲೆಯ ಮೇಲೆ ಹುಲ್ಲಿನ ಟೋಪಿ. ಮೈಕ್ ಸತ್ತಿದ್ದರಿಂದ ಪ್ರೊಫೆಸರ್ ಮಾತಾಡುತ್ತಿರಲಿಲ್ಲ. ಹೇಳಬೇಕಾದ್ದನ್ನು ಬರೆಯುತ್ತಿದ್ದ, ಬರೆಯುವುದೆಲ್ಲ ಬೈಗುಳ. 'ಕತ್ತೆ, ಮರ ಆ ಕಡೆ ಬೀಳುತ್ತೆ.' 'ನಿನ್ನ ಅಡುಗೆ ಹಂದಿಗೆ ಹಾಕು.' ಕಿಯಿಂಬ ಇದನ್ನೆಲ್ಲ ಗಟ್ಟಿಯಾಗಿ ಓದಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ. ಅವನಿಗೆ ಬೈಗುಳವೆಂದರೆ ಸ್ನೇಹ.

ಒಂದು ಶನಿವಾರ ಆಟದ ನಡುವೆ ಮುತ್ಯಾಬನ ಹೊಟ್ಟೆ ಕೆಟ್ಟಿತು. ಹಿತ್ತಲಿಗೆ ಓಡುವ ಮೊದಲು ನಕಿಟ್ಟೊಳನ್ನು ಕುರ್ಚಿಯಲ್ಲಿ ಕೂರಿಸಿ, ಈ ಕೀ ಒತ್ತುತ್ತಿರು, ಮರ ಕಡಿಯುತ್ತಾನೆ, ಎಂದು ಹೇಳಿ ಹೋದ. ಹೊಟ್ಟೆ ಬೇಗ ಸುಮ್ಮನಾಗಲಿಲ್ಲ. ಅವನು ವಾಪಸ್ಸು ಬಂದಾಗ ಪ್ರೊಫೆಸರ್ ಅರ್ಧ ಕಾಡು ಕಡಿದಿದ್ದ, ಹೆಡ್‌ಫೋನಿನಲ್ಲಿ ಕಿಯಿಂಬ ಹೇಳುತ್ತಿದ್ದ: "ಇವತ್ತು ನಮ್ಮ ಪ್ರೊಫೆಸರ್‌ಗೆ ಏನಾಗಿದೆ ಬಂಧುಗಳೇ, ಎತ್ತಿನ ಹಾಗೆ ದುಡೀತಿದಾನೆ!"

ಮುತ್ಯಾಬ ಹೆಂಡತಿಯ ಹಿಂದೆ ನಿಂತು ಸ್ವಲ್ಪ ಹೊತ್ತು ನೋಡಿದ. ದ್ವೀಪದಲ್ಲಿ ತಾನಿರುವುದಕ್ಕೆ ತಾನು ಇರಬೇಕಾದ್ದೇ ಇಲ್ಲ. ಆ ವಿಚಾರ ತಲೆಗೆ ಬಂದ ಮೇಲೆ ಹೋಗಲಿಲ್ಲ.

ಯೋಜನೆಯ ಸೊಗಸು ಅವನನ್ನೇ ಬೆರಗುಗೊಳಿಸಿತು. ಕಳ್ಳತನ ಮಾಡುವವರಿಗೆ ಸಾಮಾನ್ಯವಾಗಿ ಎರಡು ತೊಂದರೆ: ಮನೆಯವನು ಮನೆಯಲ್ಲಿರುತ್ತಾನೆ, ಕಳ್ಳ ಎಲ್ಲಿದ್ದನೆಂದು ಸಾಕ್ಷಿ ಹೇಳುವವರು ಇರುವುದಿಲ್ಲ. ಇಲ್ಲಿ ಮನೆಯವನೇ ಸಾಕ್ಷಿ. ಕಿಯಿಂಬ ಮೇಲಂತಸ್ತಿನಲ್ಲಿ ಎರಡೂ ಕಿವಿ ಮುಚ್ಚಿಕೊಂಡು ಪ್ರೊಫೆಸರನ ಜೊತೆ ಮೀನು ಸುಡುತ್ತಿರುತ್ತಾನೆ. ಕೆಳಗೆ ಉಗ್ರಾಣದಲ್ಲಿ ಪೆಟ್ಟಿಗೆ ಖಾಲಿಯಾಗುತ್ತದೆ. ನಾಳೆ ಪೊಲೀಸರು ಕೇಳಿದರೆ ಕಿಯಿಂಬನೇ ಬೈಬಲ್ ಮುಟ್ಟಿ ಹೇಳುತ್ತಾನೆ, ಮುತ್ಯಾಬ ನನ್ನ ಜೊತೆಗಿದ್ದ ಎಂದು. ರೆಕಾರ್ಡಿಂಗೂ ಇರುತ್ತದೆ. ಕಳೆದುಕೊಂಡವನೇ ಕಳ್ಳನನ್ನು ಕಾಪಾಡುವುದು! ಭಾಗಾಕಾರ ನೋಡಿ ಬರೆದವನಿಗೆ ಇದು ತಕ್ಕ ಪಾಠ. ಆ ವೆನಿಲ್ಲಾದಿಂದ ಕಯುಂಗದ ಕಡೆ ಸ್ವಂತ ಜಮೀನು ಸಿಗುತ್ತದೆ, ಅಲ್ಲಿ ಯಾರ ಅಪ್ಪನ ಆಶೀರ್ವಾದವೂ ಬೇಕಿಲ್ಲ.

ನಕಿಟ್ಟೊಳನ್ನು ಒಪ್ಪಿಸುವ ಪ್ರಶ್ನೆ ಏಳಲಿಲ್ಲ. ಅವನು ಹೇಳಿದ, ಅವಳು ಕೇಳಿದಳು.

"ಸಿಕ್ಕಿಬಿದ್ರೆ, ಸೆಬೊ?" ಎಂದಳು ಒಮ್ಮೆ ಮಾತ್ರ. ಗಂಡನನ್ನು ಅವಳು ಹಾಗೆಯೇ ಕರೆಯುತ್ತಿದ್ದಳು, 'ಯಜಮಾನರೇ' ಎಂಬಂತೆ.

"ಸಿಕ್ಕಿಬೀಳೋರು ಬೇರೆ ಥರದೋರು. ನೀನು ಹೇಳಿದ್ದಷ್ಟು ಮಾಡು."

"ಅವರು ನಮ್ಗೆ ಹೆಡ್‌ಫೋನ್ ಕೊಟ್ಟರು. ಮಗುವಿಗೆ ಜ್ವರ ಬಂದಾಗ ಕಾರ್ ಕಳ್ಸಿದ್ರು."

"ಕಾರು ಅವರಪ್ಪಂದು. ಜ್ವರ ನಮ್ದು. ಇದ್ರಲ್ಲಿ ಅವನ ದೊಡ್ಡತನ ಏನು ಬಂತು?"

ಅವಳು ಮಗುವನ್ನು ಎತ್ತಿಕೊಂಡು ಒಳಗೆ ಹೋದಳು. ಅವಳ ಮೌನವನ್ನು ಅವನು ಒಪ್ಪಿಗೆಯೆಂದೇ ತಿಳಿಯುತ್ತ ಬಂದಿದ್ದ, ಇದುವರೆಗೆ ತೊಂದರೆಯೇನೂ ಆಗಿರಲಿಲ್ಲ.

ತರಬೇತಿ ಶುರುವಾಯಿತು. ಬೇರೊಂದು ದ್ವೀಪ ತೆರೆದು ಅವಳೊಬ್ಬಳನ್ನೇ ಅದರಲ್ಲಿ ಬಿಟ್ಟ. ಮಗು ಮಲಗಿದಾಗ, ಕೋಳಿಗಳಿಗೆ ಮೇವು ಹಾಕಿ ಬಂದಮೇಲೆ ಕೂರಬೇಕು. ನಡೆಯುವುದು, ಓಡುವುದು, ಕಡಿಯುವುದು, ಬಲೆ ಬೀಸುವುದು. ಹಂದಿ ಬಂದರೆ ಹುಲ್ಲಿನಲ್ಲಿ ಮಂಡಿಯೂರಿ, ತಗ್ಗಿ ಅವಿತುಕೊಳ್ಳುವುದು. ಮೊದಮೊದಲು ಅವಳ ಪ್ರೊಫೆಸರ್ ಮರಕ್ಕೆ ಮುಖ ಒತ್ತಿಕೊಂಡು ನಿಂತಲ್ಲೇ ಓಡುತ್ತಿದ್ದ. ಮುತ್ಯಾಬ ಹಿಂದಿನಿಂದ ತಲೆಗೆ ಮೊಟಕಿ ಸರಿಮಾಡಿದ. ಕೆಲವೇ ವಾರಗಳಲ್ಲಿ ಅವಳು ಅವನಿಗಿಂತ ಚೆನ್ನಾಗಿ ಮೀನು ಹಿಡಿಯತೊಡಗಿದಳು. ಇದನ್ನು ಅವನು ತನ್ನ ಬೋಧನೆಯ ಗುಣವೆಂದು ಬಗೆದ.

ಅವನಿಗೆ ಆತಂಕವಿದ್ದದ್ದು ಒಂದೇ ವಿಷಯಕ್ಕೆ, ಅವಳ ನಯ. ನಕಿಟ್ಟೊ ಬಾಡಿಗೆಗೆ ಜನರನ್ನು ಒಯ್ಯುವ ಬೋಡಾ ಬೈಕಿನವನಿಗೂ ಒಂದು ನಿಮಿಷ ಕ್ಷೇಮಸಮಾಚಾರ ಕೇಳುವ ಪೈಕಿ. ಅವಳ ಕೈಗೆ ಕೀಬೋರ್ಡ್ ಬಿಟ್ಟರೆ, 'ಹೇಗಿದ್ದೀರಿ, ಅತ್ತೆಯವರು ಆರಾಮಾ, ತೋಟ ಹೇಗಿದೆ' ಎಂದು ಶುರುಮಾಡಿ ಎಲ್ಲವನ್ನೂ ಹಾಳುಮಾಡುತ್ತಾಳೆ.

"ಅವರು ಏನಾದ್ರೂ ಕೇಳಿದ್ರೆ?"

"ಬೈಯಿ."

"ದೊಡ್ಡೋರನ್ನ ಹೇಗೆ ಬೈಯೋದು?"

"ಅವನು ದೊಡ್ಡವನಲ್ಲ, ದಪ್ಪ. ನೀನು ಏನೂ ಬರೀಬೇಡ. ಬೈಗುಳನೆಲ್ಲ ನಾನೇ ಬರ್ದಿಟ್ಟಿದೀನಿ. ಮೇಲಿನ ಸಾಲಿನ ಕೀಗಳು ನೋಡು. ಇದು ಒತ್ತಿದ್ರೆ 'ಬಾಯಿ ಮುಚ್ಚು ಕತ್ತೆ'. ಇದು ಒತ್ತಿದ್ರೆ 'ನಿನ್ನಂಥೋನ ಜೊತೆ ಆಡೋದು ನನ್ನ ಕರ್ಮ'. ಇದು ಬರೀ ನಗೋದು. ಅವನು ಏನೇ ಹೇಳ್ಲಿ, ಇವುಗಳಲ್ಲಿ ಒಂದು ಒತ್ತು."

"ಏನೇ ಹೇಳಿದ್ರೂನಾ?"

"ಅವನು ಹೇಳೋದೆಲ್ಲ ಒಂದೇ ಥರ ಇರುತ್ತೆ. ಅದಕ್ಕೇ ಇಷ್ಟು ಸಾಕು."

ಹೀಗೆ ಅವನು ಅವಳ ಬಾಯಿಗೆ ಬೀಗ ಹಾಕಿ ನಿಶ್ಚಿಂತನಾದ.

ಉಳಿದದ್ದು ಸುಲಭ. ಉಗ್ರಾಣದ ಬಾಗಿಲಿಗೆ ಕಿಯಿಂಬ ಚೀನಾದ ದೊಡ್ಡ ಬೀಗ ಹಾಕಿ ಕೀಲಿಯನ್ನು ಸರದಂತೆ ಕೊರಳಿಗೆ ಹಾಕಿಕೊಂಡಿದ್ದ. ಆದರೆ ಹಿಂದಿನ ಕಿಟಕಿಯ ಮರದ ಬಾಗಿಲಿನ ಕೀಲುಗಳ ತಿರುಪುಗಳು ಹೊರಗಡೆಯಿದ್ದವು. ಕೋಡು ಒಣಗಿಸುವ ದಿನಗಳಲ್ಲೇ ಮುತ್ಯಾಬ ಅದನ್ನು ತೋರಿಸಿ ಎಚ್ಚರಿಸಿದ್ದ. "ಯಾರು ಬರ್ತಾರೋ, ಒಪಿಯೊ ಇದಾನಲ್ಲ," ಎಂದಿದ್ದ ಕಿಯಿಂಬ. ಒಪಿಯೊ ಶನಿವಾರ ಮಧ್ಯಾಹ್ನ ಗೇಟಿನ ಬಳಿ ರೇಡಿಯೊ ಕಿವಿಗೊತ್ತಿಕೊಂಡು ಇಂಗ್ಲೆಂಡಿನ ಫುಟ್‌ಬಾಲ್ ಕಾಯುತ್ತಾನೆ, ಗೇಟು ಕಾಯುವುದಿಲ್ಲ. ನಾಯಿಗೆ ಮುತ್ಯಾಬನ ಪರಿಚಯವಿದೆ. ಕಿಯಿಂಬನ ಸೋದರತ್ತೆ ಮನೆಯಿಂದ ಹೊರಗಿರುವ ದಿನವೊಂದನ್ನು ಮಾತ್ರ ಹಿಡಿಯಬೇಕಿತ್ತು. ಅದೂ ಒದಗಿತು. ಆ ಶನಿವಾರ ಜಿಂಜಾ ರಸ್ತೆಯ ಕಡೆ ಯಾರದೋ ಮನೆಯಲ್ಲಿ ಮದುವೆ ಮಾತುಕತೆಯ ಸಮಾರಂಭ. ಗಂಡಿನ ಕಡೆಯವರು ಹಸು, ಸೋಡಾ ಕ್ರೇಟು, ಗೋಮಾಂಸದ ಬುಟ್ಟಿ ಹೊತ್ತು ಬರುವ ದಿನ. ಅತ್ತೆ ಅಂಥ ಕಡೆ ಬೆಳಿಗ್ಗೆ ಹೋದರೆ ಕತ್ತಲಾದ ಮೇಲೇ ಬರುವವರು. ಕೊಳ್ಳುವವರು ಬರುವುದು ಸೋಮವಾರ.

ಪೊಲೀಸರ ಕಣ್ಣಿನಿಂದಲೂ ನೋಡಿದ. ಮೊಬೈಲು ಮನೆಯಲ್ಲೇ ಇರುತ್ತದೆ. ಬೋಡಾ ಹತ್ತುವುದಿಲ್ಲ, ಎರಡು ಮನೆಗಳ ನಡುವಿನ ಜೌಗಿನಲ್ಲಿ ಆಳೆತ್ತರದ ಜೊಂಡಿದೆ, ಅದರೊಳಗೆ ಮೀನುಗಾರರ ಕಾಲುದಾರಿಯಿದೆ. ಕರೆಂಟು ಹೋದರೆ ಇರಲೆಂದು ಬ್ಯಾಟರಿ ತಂದಿಟ್ಟ. ವೆನಿಲ್ಲಾಗೆ ವಾಸನೆಯಿದೆ, ಬಟ್ಟೆಗೆ ಹತ್ತಿದರೆ ವಾರಗಟ್ಟಲೆ ಬಿಡುವುದಿಲ್ಲ. ವೆನಿಲ್ಲಾ ಕಳ್ಳರು ವಾಸನೆಯಿಂದಲೇ ಸಿಕ್ಕಿಬೀಳುತ್ತಾರೆ. ಮುತ್ಯಾಬ ಬಾಯಿ ಅಗಲದ ಜೆರಿಕ್ಯಾನುಗಳನ್ನು ಹೊಂದಿಸಿ, ಕೋಳಿಗೂಡಿನ ನೆಲದಲ್ಲಿ ಗುಂಡಿ ತೋಡಿದ. ಮೇಲೆ ಹಿಕ್ಕೆ ತುಂಬಿದ ಹೊಟ್ಟು. ಜಗತ್ತಿನ ಅತ್ಯಂತ ದುಬಾರಿ ಪರಿಮಳ ಕೋಳಿಹೇಲಿನ ಕೆಳಗೆ. ಈ ಜೋಡಿ ನೆನೆದು ಅವನಿಗೆ ಎಷ್ಟೋ ಸಲ ನಗು ಬಂತು.

ಶನಿವಾರ ಮಧ್ಯಾಹ್ನ ಕಿಯಿಂಬ ದ್ವೀಪ ತೆರೆದ. ಮುತ್ಯಾಬ ತಾನೇ ಒಳಗೆ ಹೋಗಿ, 'ಬಂದೆ ಕತ್ತೆ' ಎಂದು ಬರೆದು, ಎರಡು ಮರ ಕಡಿದು, ಕುರ್ಚಿಯಿಂದ ಎದ್ದ. ನಕಿಟ್ಟೊ ಒದ್ದೆ ಕೈಯನ್ನು ಲಂಗಕ್ಕೆ ಒರೆಸಿಕೊಂಡು ಕುಳಿತಳು. ಅವನು ಹಿತ್ತಲಿನಿಂದ ಜೊಂಡಿನೊಳಗೆ ಇಳಿದ.

ಎಲ್ಲವೂ ಅವನು ಬರೆದಿಟ್ಟಂತೆ ನಡೆಯಿತು. ನಾಯಿ ಬಾಲ ಆಡಿಸಿತು. ಗೇಟಿನ ಕಡೆಯಿಂದ ರೇಡಿಯೊದ ಕೂಗು ಬರುತ್ತಿತ್ತು. ತಿರುಪುಗಳು ಬೆಣ್ಣೆಯಂತೆ ಬಿಚ್ಚಿಕೊಂಡವು. ಪೆಟ್ಟಿಗೆಯ ಮುಚ್ಚಳ ಎತ್ತಿದಾಗ ಬಂದ ವಾಸನೆಗೆ ಅವನ ಕಣ್ಣು ತೇವವಾಯಿತು, ಬೇರೆ ಯಾವ ಕಾರಣಕ್ಕೂ ಅಲ್ಲ. ಪ್ರತಿ ಕೋಡನ್ನೂ ಅವನು ತಿರುವಿದ್ದ. ಕಟ್ಟುಗಳನ್ನು ಒಂದೊಂದಾಗಿ ಜೆರಿಕ್ಯಾನಿಗೆ ಇಳಿಸುವಾಗ ತಲೆಯ ಮೇಲಿನ ಹಲಗೆಗಳಾಚೆಯಿಂದ ಕಿಯಿಂಬನ ದನಿ ಸ್ಪಷ್ಟವಾಗಿ ಕೇಳುತ್ತಿತ್ತು.

"ಬಾ ಮುತ್ಯಾಬ, ಬಾ! ಮೀನು ಬೆಂದಿದೆ. ತಗೋ." ಸ್ವಲ್ಪ ಹೊತ್ತು ಸದ್ದಿಲ್ಲ. ಆಮೇಲೆ ನಗು, ಕುರ್ಚಿ ಕಿರುಗುಟ್ಟುವಂಥ ನಗು. "ಅಯ್ಯಯ್ಯೋ! ನೋಡಿ ಬಂಧುಗಳೇ, ನೋಡಿ ನಮ್ಮ ಪ್ರೊಫೆಸರನ್ನ! ಕೊಡ್ಲಿ ಬೇಕಾ? ಇದೂ ತಗೋ. ಅಯ್ಯೋ ನನ್ನ ದೇವರೇ!"

ತನ್ನ ಹೆಸರು ಹಿಡಿದು ಮೇಲೊಬ್ಬ ಕೂಗುತ್ತಿರುವಾಗ ಕೆಳಗೆ ಅವನ ಪೆಟ್ಟಿಗೆ ಬರಿದು ಮಾಡುವುದರಲ್ಲಿ ಒಂದು ಹಿತವಿತ್ತು. ಮುತ್ಯಾಬ ಅವಸರ ಮಾಡಲಿಲ್ಲ. ಪೆಟ್ಟಿಗೆಗೆ ಮುಚ್ಚಳ ಹಾಕಿದ, ಕಂಬಳಿ ಹೊದಿಸಿದ, ಹೊರಗೆ ಬಂದು ತಿರುಪುಗಳನ್ನು ಬಿಗಿದ. ತಿರುಪಿನ ತಲೆಗಳಿಗೆ ಕೆಂಪು ಮಣ್ಣನ್ನೂ ಸವರಿದ. ಬೀಗ ಒಡೆದಿಲ್ಲ, ಕಿಟಕಿ ಮುರಿದಿಲ್ಲ. ಹಾಗಾದರೆ ಮನೆಯೊಳಗಿನವರೇ. ಮನೆಯೊಳಗಿನವರೆಂದರೆ ಒಪಿಯೊ. ಪೊಲೀಸರ ತಲೆ ಓಡುವುದು ಅಷ್ಟೇ ದೂರ.

ಜೆರಿಕ್ಯಾನುಗಳು ಕೋಳಿಗಳ ಕೆಳಗೆ ಮಲಗಿದ ಮೇಲೆ ಅವನು ಸೋಪು ಹಚ್ಚಿ ಮಿಂದು, ಬಟ್ಟೆ ಸುಟ್ಟು, ಒಳಗೆ ಬಂದ. ದ್ವೀಪದಲ್ಲಿ ಹೊಸ ಗುಡಿಸಲು ಎದ್ದಿತ್ತು.

"ಏನಾದ್ರೂ ಯಡವಟ್ಟು ಮಾಡಿದ್ಯಾ?"

"ಇಲ್ಲ ಸೆಬೊ. ನೀವು ಬರ್ದಿಟ್ಟಿದ್ದು ಬಿಟ್ಟು ಒಂದಕ್ಷರ ಬರೀಲಿಲ್ಲ."

ಅವನು ಚಾಟನ್ನು ಮೇಲಿನಿಂದ ಕೆಳಗೆ ಓದಿ ನೋಡಿದ. ಬಾಯಿ ಮುಚ್ಚು ಕತ್ತೆ. ನಗು. ನನ್ನ ಕರ್ಮ. ಬಾಯಿ ಮುಚ್ಚು ಕತ್ತೆ. ಒಂದು ಅಕ್ಷರವೂ ಹೆಚ್ಚಿರಲಿಲ್ಲ. ಅವಳನ್ನು ಎಬ್ಬಿಸಿ ತಾನು ಕುಳಿತು ಹೆಡ್‌ಫೋನ್ ಹಾಕಿಕೊಂಡ.

"ಇವತ್ತು ಎಷ್ಟು ಖುಷಿಯಾಯ್ತು ಕಣೋ," ಎನ್ನುತ್ತಿದ್ದ ಕಿಯಿಂಬ. "ಯಾವತ್ತೂ ಹೀಗೇ ಇರಬಾರ್ದಾ ನೀನು?"

'ನಿನ್ನ ಮೋರೆಗೆ ಇಷ್ಟೇ ಹೆಚ್ಚು,' ಎಂದು ಬರೆದು ಮುತ್ಯಾಬ ಹೊರಬಂದ.

ಸೋಮವಾರ ಕೊಳ್ಳುವವರ ಎದುರಿಗೆ ಪೆಟ್ಟಿಗೆ ತೆರೆದಾಗ ಕಿಯಿಂಬ ಕೂತಲ್ಲೇ ವಾಂತಿ ಮಾಡಿಕೊಂಡನಂತೆ. ಸಂಜೆಯೊಳಗೆ ಪೊಲೀಸರು ಒಪಿಯೊನನ್ನು ಪಿಕಪ್ಪಿನ ಹಿಂದೆ ಹತ್ತಿಸಿದರು. ರೇಡಿಯೊವನ್ನೂ ಕೊಂಡೊಯ್ದರು, ಅದು ಯಾವ ಸಾಕ್ಷಿಯೋ. ಮುತ್ಯಾಬ ಮರುದಿನ ಬಿಳಿ ಅಂಗಿ ತೊಟ್ಟು ಸಮಾಧಾನ ಹೇಳಲು ಹೋದ. ನಕಿಟ್ಟೊ ಕೋಳಿಗಳಿಗೆ ಮೇವು ಹಾಕುವುದಿದೆಯೆಂದು ಮನೆಯಲ್ಲೇ ಉಳಿದಳು.

ನಡುಮನೆಯಲ್ಲಿ ಕಿಯಿಂಬ ಸೋಫಾದಲ್ಲಿ ಬಿದ್ದುಕೊಂಡಿದ್ದ. ಒಂದೇ ದಿನದಲ್ಲಿ ಮುಖ ಸೊರಗಿಹೋಗಿತ್ತು. ಎದುರಿಗೆ ಠಾಣೆಯ ವಾಫುಲ, ಊರಿನವರ ಬಾಯಲ್ಲಿ 'ಅಫಾಂಡೆ', ಅಂದರೆ ಪೊಲೀಸ್ ಸಾಹೇಬ, ಚಹಾದಲ್ಲಿ ಬ್ರೆಡ್ಡು ಅದ್ದಿ ತಿನ್ನುತ್ತಿದ್ದ. ಪೆಟ್ಟಿಗೆಯ ವಿಷಯ ಯಾರ್ಯಾರಿಗೆ ಗೊತ್ತಿತ್ತೋ ಅವರೆಲ್ಲ ಶನಿವಾರ ಎಲ್ಲಿದ್ದರೆಂದು ವಿಚಾರಿಸುವುದು ಅವನ ಕೆಲಸ, ಅದನ್ನು ಬ್ರೆಡ್ಡಿನಷ್ಟು ಆಸಕ್ತಿಯಿಂದ ಮಾಡುತ್ತಿರಲಿಲ್ಲ. ನೆಲದ ಚಾಪೆಯ ಮೇಲೆ ಸೋದರತ್ತೆ ಕಾಲು ಚಾಚಿ ಕುಳಿತಿದ್ದರು. ಅವರನ್ನು ಎಲ್ಲರೂ ಸೆಂಗ ಎನ್ನುತ್ತಿದ್ದರು. ನಮ್ಮಲ್ಲಿ ಮದುವೆಗೆ ಬಂದ ಹುಡುಗಿಗೆ ಗಂಡನ ಮನೆಯಲ್ಲಿ ಹೇಗೆ ನಡೆಯಬೇಕು, ಕೂರಬೇಕು, ಕೊಡಬೇಕು, ತಗೊಳ್ಳಬೇಕು ಎಂದು ಕಲಿಸುವವಳು ಅಪ್ಪನ ತಂಗಿ. ಈ ಸೆಂಗ ಅವರ ಹೆಸರು ಸುತ್ತಲ ಹತ್ತೂರಿಗೆ ಗೊತ್ತಿತ್ತು. ತಮ್ಮ ಅಣ್ಣಂದಿರ ಮಕ್ಕಳು ಮುಗಿದ ಮೇಲೆ ಊರಿನವರ ಮಕ್ಕಳಿಗೂ ಪಾಠ ಹೇಳುತ್ತಿದ್ದರು. ಮನೆ ಲೂಟಿಯಾದ ದುಃಖದ ನಡುವೆಯೂ ಅವರು ಶನಿವಾರದ ಸಮಾರಂಭವನ್ನು ಕ್ಷಮಿಸಿರಲಿಲ್ಲ.

"ಆ ಹುಡುಗೀರು, ವಾಫುಲ, ಬಿಗಿ ಬಟ್ಟೆ ಹಾಕ್ಕೊಂಡು ಬಂದು ಹಿರಿಯರ ಮುಂದೆ ಹೆಂಗೋ ಅರ್ಧ ಬಗ್ಗಿ ಎದ್ಬಿಟ್ರು! ಬೆನ್ನು ನೋವಿರೋ ಹಸು ಥರ."

"ಕಾಲ ಕೆಟ್ಟಿದೆ ಸೆಂಗ," ಎಂದ ವಾಫುಲ, ಇನ್ನೊಂದು ಬ್ರೆಡ್ಡು ತೆಗೆದುಕೊಂಡು.

ಮುತ್ಯಾಬ ಕಿಯಿಂಬನ ಭುಜ ತಟ್ಟಿ ಪಕ್ಕದಲ್ಲಿ ಕುಳಿತ. "ಒಪಿಯೊನ ಹೊಡೀಬೇಡಿ ಅಂತ ಹೇಳಿ ಅಫಾಂಡೆ. ಬಡವ. ಆಸೆ ಯಾರಿಗಿಲ್ಲ?"

ಕಿಯಿಂಬನ ಕಣ್ಣು ತುಂಬಿತು. "ನೋಡಿ ಅಫಾಂಡೆ, ಎಂಥ ಮನಸ್ಸು. ಆ ತೋಟಕ್ಕೆ ದುಡಿದಿದ್ದೇ ಇವನು. ಚರ್ಚಲ್ಲಿ ಇವನ ಹೆಸರೇ ಮರ್ತುಬಿಟ್ಟೆ ನಾನು, ಹಾಳು ತಲೆ. ಪೆಟ್ಟಿಗೆ ಮಾರಿದ್ಮೇಲೆ ಅರ್ಧ ಇವನ ಕೈಗಿಟ್ಟು ಅಲ್ಲೇ ನಿಲ್ಲಿಸಿ ಹೇಳ್ಬೇಕು ಅಂತಿದ್ದೆ."

ಈಗ ಹೇಳುವುದು ಸುಲಭ, ಎಂದುಕೊಂಡ ಮುತ್ಯಾಬ. ಖಾಲಿ ಪೆಟ್ಟಿಗೆಯಲ್ಲಿ ಅರ್ಧ ಕೊಡುವುದಕ್ಕೆ ಯಾರು ಬೇಕಾದರೂ ಉದಾರಿಗಳಾಗಬಹುದು.

"ಅಂದ್ಹಾಗೆ ಶನಿವಾರ ನೀವು?" ಎಂದ ವಾಫುಲ ಬಾಯಿ ಒರೆಸಿಕೊಳ್ಳುತ್ತ.

"ದ್ವೀಪದಲ್ಲಿದ್ದೆ, ಅಫಾಂಡೆ."

"ಹೌದು, ನನ್ನ ಜೊತೆನೇ ಇದ್ದ," ಎಂದ ಕಿಯಿಂಬ. "ಮಧ್ಯಾಹ್ನ ಪೂರ್ತಿ. ಬೈಬಲ್ ಮುಟ್ಟಿ ಹೇಳ್ತೀನಿ."

"ಆಯ್ತಲ್ಲ," ಎಂದು ವಾಫುಲ ಟೋಪಿಗೆ ಕೈಹಾಕಿದ. ವಿಷಯ ಅಲ್ಲಿಗೆ ಮುಗಿಯಬಹುದಿತ್ತು. ಆದರೆ ಅಷ್ಟು ಚೆಂದದ ಕೆಲಸವನ್ನು ಯಾರೂ ಕಣ್ಣೆತ್ತಿ ನೋಡದೆ ಹೋಗುವುದು ಮುತ್ಯಾಬನಿಗೆ ಸಹಿಸಲಾಗಲಿಲ್ಲ. ಈ ಮನೆಯಲ್ಲಿ ಅವನ ಕೆಲಸ ನೋಡದವರು ಈಗಾಗಲೇ ಸಾಕಷ್ಟಿದ್ದರು.

"ಬಾಯಿಮಾತು ಯಾಕೆ? ರೆಕಾರ್ಡಿಂಗ್ ಇದೆ. ಟೀವಿಗೆ ಹಾಕು ಕಿಯಿಂಬ. ಅಫಾಂಡೆ ನೋಡ್ಲಿ. ನಾಳೆ ಯಾರೂ ಬೆರಳು ತೋರಿಸ್ಬಾರ್ದು."

ಟೀವಿಯಲ್ಲಿ ನೀಲಿ ಸಮುದ್ರ ಬಂತು. ಪ್ರೊಫೆಸರ್ ಎರಡು ಮರ ಕಡಿದ. 'ಬಂದೆ ಕತ್ತೆ' ಎಂಬ ಸಾಲನ್ನು ವಾಫುಲ ಓದಿ ಗೊಳ್ಳೆಂದ. "ಪೊಲೀಸ್ ಭಾಷೆ ಇದು!" ಮತ್ತೆ ಮರ, ಮತ್ತೆ ಮರ. ವಾಫುಲನ ಕಣ್ಣು ಕಿಟಕಿಯ ಕಡೆ ಹೋಯಿತು. ಮುತ್ಯಾಬ ಸೋಫಾಗೆ ಒರಗಿ ಕಾಲ ಮೇಲೆ ಕಾಲು ಹಾಕಿಕೊಂಡ. ಅವನಿಗೂ ಇದು ಮೊದಲ ನೋಟ. ಹೆಂಡತಿಯ ಕೈಯಲ್ಲಿ ತನ್ನ ದೇಹ ಎಷ್ಟು ಲೀಲಾಜಾಲವಾಗಿ ಓಡಾಡುತ್ತಿದೆ ಎಂದು ನೋಡಿ ಮೆಚ್ಚಿಕೊಳ್ಳುತ್ತಿದ್ದ.

ಕಿಯಿಂಬನ ಬೊಂಬೆ ಸುಟ್ಟ ಮೀನು ಹಿಡಿದು ಬಂತು. ಆಮೇಲೆ ಕೊಡಲಿ.

"ಇವಳು ಯಾರ ಮನೆ ಹುಡುಗಿ?" ಎಂದರು ಸೆಂಗ ಚಾಪೆಯಿಂದ.

"ಯಾವ ಹುಡುಗಿ, ಸೆಂಗ?"

"ಇವಳೇ, ಗಡ್ಡದವಳು."

ಕಿಯಿಂಬ ನಿನ್ನೆಯಿಂದ ಮೊದಲ ಸಲ ನಕ್ಕ. "ಅದು ಮುತ್ಯಾಬ, ಸೆಂಗ. ಅವತ್ತು ನಾಟಕ ಮಾಡ್ತಿದ್ದ, ನನ್ನ ನಗಿಸೋಕೆ."

"ಸುಮ್ನಿರೋ ಮಗನೇ. ನಾಟಕ ಮಾಡೋ ಗಂಡಸ್ರು ಹೆಂಗೆ ಮಾಡ್ತಾರೆ ನಂಗೆ ಗೊತ್ತಿಲ್ವಾ? ಧೊಪ್ಪಂತ ಬೀಳ್ತಾರೆ. ಇವಳು ಮೊದ್ಲು ಪಕ್ಕಕ್ಕೆ ತಿರುಗ್ತಾಳೆ, ನೋಡು. ಆಮೇಲೆ ಕೂರ್ತಾಳೆ. ನಿನ್ನ ಕೈ ಖಾಲಿಯಾಗೋ ತನಕ ಏಳಲ್ಲ. ಇವಳಿಗೆ ಯಾರೋ ಸೆಂಗ ಸರಿಯಾಗಿ ಕಲಿಸಿದಾಳೆ ಕಣೋ. ಈ ಕಾಲದಲ್ಲೂ! ಯಾರ ಹೆಂಡ್ತಿ, ಹೇಳು, ನಾನೇ ಹೋಗಿ ಮಾತಾಡ್ಸ್ತೀನಿ."

ಚಹಾದ ಬಟ್ಟಲು ಬಾಯಿಯವರೆಗೆ ಹೋದದ್ದು ವಾಫುಲನ ಕೈಯಲ್ಲಿ ಹಾಗೆಯೇ ನಿಂತಿತು. ಮುತ್ಯಾಬ ಟೀವಿ ನೋಡಿದ. ಒಂಟಿ ದ್ವೀಪದಲ್ಲಿ ಅವಳು ಅಷ್ಟು ವಾರ ಅಭ್ಯಾಸ ಮಾಡಿದ್ದಳು. ಅಲ್ಲಿ ಮರಗಳಿದ್ದವು, ಹಂದಿಗಳಿದ್ದವು, ಅವಳ ಕೈಗೆ ಏನಾದರೂ ಕೊಡುವವರು ಯಾರೂ ಇರಲಿಲ್ಲ. ಬುಗಾಂಡದಲ್ಲಿ ಹೆಂಗಸರು ಗಂಡಸರ ಕೈಯಿಂದ ಏನನ್ನೇ ಆಗಲಿ ಮಂಡಿಯೂರಿಯೇ ಇಸಿದುಕೊಳ್ಳುತ್ತಾರೆ; ಗೆಳೆಯನ ಕೈಯಿಂದ ಮೀನು ಇಸಿದುಕೊಳ್ಳಲು ಮಂಡಿಯೂರುವ ಗಂಡಸು ಇನ್ನೂ ಹುಟ್ಟಿಲ್ಲ. ಮಂಡಿಯೂರದೆ ಇಸಿದುಕೊಳ್ಳುವುದು ನಕಿಟ್ಟೊಳ ಕೈಗಾಗಲಿ ಕಾಲಿಗಾಗಲಿ ಗೊತ್ತಿರಲಿಲ್ಲ, ಹಂದಿಯಿಂದ ಅವಿತುಕೊಳ್ಳುವ ಆ ಒಂದು ಕೀ ಅವಳಿಗೆ ಸಾಕಾಗಿತ್ತು. "ನಿಮ್ಮ ಮನೆಯವರು ಈಗ ಎಲ್ಲಿದಾರೆ, ಸೆಬೊ?" ಎಂದು ವಾಫುಲ ಮೆಲ್ಲಗೆ ಕೇಳಿದ. ರೆಕಾರ್ಡಿಂಗನ್ನು ಯಾರೂ ನಿಲ್ಲಿಸಿರಲಿಲ್ಲ. ಕಿಯಿಂಬನ ಬೊಂಬೆ ಈಗ ಸುಟ್ಟ ಗೆಣಸು ಚಾಚಿತು. ಕೆಂಪು ಗಡ್ಡದ, ಎತ್ತಿನ ಭುಜದ ಪ್ರೊಫೆಸರ್ ಮೈಯನ್ನು 'ಬಾಯಿ ಮುಚ್ಚು ಕತ್ತೆ' ಎಂಬ ಸಾಲಿನ ಕೆಳಗೆ ಒಂದು ಪಕ್ಕಕ್ಕೆ ತಿರುಗಿಸಿ, ಎರಡೂ ಮಂಡಿಯೂರಿ, ತಲೆ ತಗ್ಗಿಸಿ, ಅದನ್ನು ತೆಗೆದುಕೊಂಡ.